ಪೊಲೀಸಪ್ಪನ ಗಂಟು, ಬೋಕ್ ಇಟ್ಟ ಹೆಸರು

ಪ್ರಶ್ನೆ: ನಮ್ಮಣ್ಣನ ತೋಳಿನ ಗಂಟಿನ ಬಯಾಪ್ಸಿ ರಿಪೋರ್ಟಿನಲ್ಲಿ ‘ಸಾರ್ಕಾಯ್ಡೋಸಿಸ್’ ಅಂತ ಬಂದಿದೆ. ಇದಕ್ಕೆ ಮೊದಲು ‘ಬೋಕ್ ಸಾರ್ಕಾಯ್ಡ್’ ಅನ್ನುತ್ತಿದ್ದರಂತೆ. ಸಾರ್ಕೋಮಾ ಅಂದರೆ ಕ್ಯಾನ್ಸರ್ ಅಲ್ವಾ? ಈ ಬೋಕ್ ಯಾರು?
– ಓದುಗರೊಬ್ಬರು, ಶಿವಮೊಗ್ಗ

ಉತ್ತರ: ಮೊದಲು ಮನೆಯವರಿಗೆಲ್ಲ ಧೈರ್ಯ ಹೇಳಿ. ಸಾರ್ಕಾಯ್ಡೋಸಿಸ್ ಕ್ಯಾನ್ಸರ್ ಅಲ್ಲ. ಹೆಸರು ಮಾತ್ರ ಹೆದರಿಸುತ್ತದೆ, ಅದನ್ನು ಇಟ್ಟವರೇ ಈ ಬೋಕ್.

ಸೀಸರ್ ಬೋಕ್ ಹುಟ್ಟಿದ್ದು 1845ರಲ್ಲಿ, ನಾರ್ವೆಯ ಲಿಯರ್ ಎಂಬಲ್ಲಿ. ಚರ್ಮದ ವೈದ್ಯವೃತ್ತಿ ಆ ಮನೆತನಕ್ಕೆ ಹೊಸದಲ್ಲ. ಅದೇ ಮನೆಯ ಕಾರ್ಲ್ ವಿಲ್ಹೆಲ್ಮ್ ಬೋಕ್ 1847ರಲ್ಲೇ ಡ್ಯಾನಿಯಲ್ಸನ್ ಎಂಬ ವೈದ್ಯರ ಜೊತೆ ಸೇರಿ ಕುಷ್ಠರೋಗದ ಬಗ್ಗೆ ದೊಡ್ಡ ಗ್ರಂಥ ಬರೆದಿದ್ದರು. ಸೀಸರ್ ಕ್ರಿಸ್ಟಿಯಾನಿಯಾದ, ಅಂದರೆ ಈಗಿನ ಓಸ್ಲೋದ, ದೊಡ್ಡಾಸ್ಪತ್ರೆಯಲ್ಲಿ ಚರ್ಮರೋಗ ವಿಭಾಗದ ಮುಖ್ಯಸ್ಥರಾದರು. 1895ರಲ್ಲಿ ಪ್ರೊಫೆಸರ್ ಆದರು.

ಅವರ ಹತ್ತಿರ 36 ವರ್ಷದ ಒಬ್ಬ ಪೊಲೀಸಪ್ಪ ಬಂದ. ಮೈಮೇಲೆ ಅಲ್ಲಲ್ಲಿ ಗಂಟುಗಳು, ಜೊತೆಗೆ ಊದಿದ ಗ್ರಂಥಿಗಳು. ಬೋಕ್ ಗಂಟಿನ ಒಂದು ಚೂರು ಕತ್ತರಿಸಿ ಮೈಕ್ರೋಸ್ಕೋಪಿನಡಿ ಇಟ್ಟರು. ಜೀವಕೋಶಗಳು ಗುಂಪುಗುಂಪಾಗಿ ಕೂತಿದ್ದವು. ನೋಡೋಕೆ ಸಾರ್ಕೋಮಾದ ಥರ, ಆದರೆ ಅದರ ಕೇಡು ಇಲ್ಲ. ಅದಕ್ಕೇ 1899ರಲ್ಲಿ ‘ಸಾರ್ಕಾಯ್ಡ್’, ಅಂದರೆ ಸಾರ್ಕೋಮಾದಂತೆ ಕಾಣುವುದು, ಅಂತ ಬರೆದರು. ಹಿಂದೆಯೇ ‘ಅಪಾಯವಿಲ್ಲದ’ ಅನ್ನೋ ಮಾತನ್ನೂ ಸೇರಿಸಿದರು. ಆ ಮಾತು ಕಾಲಕ್ರಮದಲ್ಲಿ ಉದುರಿಹೋಯಿತು, ಭಯ ಉಳಿಯಿತು.

ಮುಂದೆ ಅವರಿಗೇ ಇದು ಟಿಬಿಗೆ ಸಂಬಂಧಿಸಿದ್ದಿರಬೇಕು ಅನ್ನಿಸಿತು. ನಮ್ಮಲ್ಲಿ ಇವತ್ತಿಗೂ ಎಷ್ಟೋ ಸಲ ಇದನ್ನು ಟಿಬಿ ಅಂತಲೇ ತಿಳಿಯುತ್ತಾರೆ. ಅಣ್ಣನಿಗೆ ಟಿಬಿ ಪರೀಕ್ಷೆ ಮಾಡಿಸಿದರೆ ಗಾಬರಿಯಾಗಬೇಡಿ.

ಬೋಕ್ ಬಗ್ಗೆ ಇನ್ನೊಂದು ಸಂಗತಿ ಹೇಳಲೇಬೇಕು. ಆಗ ಸಿಫಿಲಿಸ್ ಎಂಬ ಲೈಂಗಿಕ ರೋಗಕ್ಕೆ ಪಾದರಸವೇ ಔಷಧಿ. ಹಲ್ಲು ಅಲ್ಲಾಡುತ್ತಿತ್ತು, ಜೊಲ್ಲು ಸುರಿಯುತ್ತಿತ್ತು. ಇದು ಒಳ್ಳೆಯದಕ್ಕಿಂತ ಕೇಡೇ ಜಾಸ್ತಿ ಮಾಡುತ್ತದೆ ಅಂತ ಬೋಕ್ ನಂಬಿದ್ದರು. 1891ರಿಂದ 1910ರವರೆಗೆ ಸುಮಾರು 2000 ರೋಗಿಗಳಿಗೆ ಅದನ್ನು ಕೊಡಲಿಲ್ಲ. ಬೇರೆಯವರಿಗೆ ಹರಡದಿರಲಿ ಅಂತ, ಹುಣ್ಣು ಮಾಯುವವರೆಗೂ ಆಸ್ಪತ್ರೆಯಲ್ಲೇ ಇಟ್ಟುಕೊಂಡರು. ಸಿಫಿಲಿಸ್ಸಿಗೆ ಸಾಲ್ವರ್ಸಾನ್ ಎಂಬ ಹೊಸ ಔಷಧಿ ಬಂದ ಮೇಲೆ ಆ ಪದ್ಧತಿ ನಿಂತಿತು. ಆಗಿನ ಪಾದರಸದ ಪಾಡು ನೆನೆದರೆ ಬೋಕ್ ಮಾಡಿದ್ದು ತಪ್ಪು ಅಂತ ನನಗೆ ಅನ್ನಿಸುವುದಿಲ್ಲ. ಅದೇ ರೋಗಿಗಳಲ್ಲಿ ಹಲವರನ್ನು ಬ್ರೂಸ್ಗಾರ್ಡ್ ಎಂಬ ವೈದ್ಯರು ಮತ್ತೆ ಹುಡುಕಿ, ಔಷಧಿಯಿಲ್ಲದೆ ಅವರ ಕಾಯಿಲೆ ಏನಾಯಿತು ಅಂತ 1929ರಲ್ಲಿ ವರದಿ ಬರೆದರು. ಬೋಕ್ 1917ರಲ್ಲೇ ತೀರಿಕೊಂಡಿದ್ದರು.

ಅಣ್ಣನ ವಿಷಯಕ್ಕೆ ಬರೋಣ. ಈ ಗಂಟುಗಳು ಹಲವರಲ್ಲಿ ತಾನಾಗೇ ಇಳಿಯುತ್ತವೆ. ಆದರೆ ಕಾಯಿಲೆ ಶ್ವಾಸಕೋಶಕ್ಕೆ, ಕಣ್ಣಿಗೆ, ಕೆಲವರಲ್ಲಿ ಹೃದಯಕ್ಕೂ ಬರಬಹುದು. ಹಾಗಾಗಿ ರಿಪೋರ್ಟ್ ಹಿಡಿದು ಎದೆಯ ಡಾಕ್ಟರಿಗೆ, ಕಣ್ಣಿನ ಡಾಕ್ಟರಿಗೆ ಒಮ್ಮೆ ತೋರಿಸಿ. ಎದೆ ಡವಡವ ಅನ್ನೋದು, ತಲೆಸುತ್ತು ಇದ್ದರೆ ಅದನ್ನೂ ಮರೆಯದೆ ಹೇಳಿ.