ಹಾಸನದ ಸರ್ಕಾರಿ ಕಚೇರಿಯೊಂದು ನೇಮಕಾತಿ ಕೈಬಿಟ್ಟು ಹೊರಗುತ್ತಿಗೆಯವರನ್ನು ತಗೊಂಡಿದೆ. ಅರ್ಜಿ ಹಾಕಿದ ನಮಗೆ ಏನಾದರೂ ಹಕ್ಕಿದೆಯಾ?

ಆಯ್ಕೆ ಪಟ್ಟಿಯಲ್ಲಿ ಹೆಸರು ಬಂದರೂ ಕೆಲಸ ಕೊಡಲೇಬೇಕು ಅನ್ನುವ ಹಕ್ಕು ಹುಟ್ಟುವುದಿಲ್ಲ. 1991ರ ಶಂಕರ್ಸನ್ ದಾಶ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇದನ್ನೇ. ಆದರೆ ಅದೇ ತೀರ್ಪಿನ ಇನ್ನೊಂದು ಮಾತು ನಿಮಗೆ ಮುಖ್ಯ: ಖಾಲಿ ಹುದ್ದೆ ತುಂಬದೆ ಬಿಡಲು ಸರಿಯಾದ ಕಾರಣ ಬೇಕು, ಮನಸ್ಸಿಗೆ ಬಂದಂತೆ ಮಾಡುವ ಹಾಗಿಲ್ಲ.

ಹಾಗಾಗಿ ಸುಮ್ನೆ ಕೂರಬೇಡಿ, ಮೊದಲು ಕಾರಣ ಕೇಳಿ. 10 ರೂಪಾಯಿ ಪೋಸ್ಟಲ್ ಆರ್ಡರ್ ಇಟ್ಟು ಆರ್‌ಟಿಐ (ಮಾಹಿತಿ ಹಕ್ಕು) ಅರ್ಜಿ ಹಾಕಿ. ನೇಮಕಾತಿ ಕೈಬಿಟ್ಟ ಆದೇಶ, ಕಡತದಲ್ಲಿ ಅಧಿಕಾರಿಗಳು ಅಭಿಪ್ರಾಯ ಬರೆಯುವ ಟಿಪ್ಪಣಿ ಹಾಳೆಗಳು, ಹೊರಗುತ್ತಿಗೆ ಟೆಂಡರ್, ಮೂರನ್ನೂ ಹೆಸರು ಹೇಳಿ ಕೇಳಿ. ಟಿಪ್ಪಣಿ ಹಾಳೆಯಲ್ಲೇ ನಿಜವಾದ ಕಾರಣ ಸಿಗುವುದು ಜಾಸ್ತಿ. 30 ದಿನದಲ್ಲಿ ಉತ್ತರ ಕೊಡಬೇಕು.

ಕಾರಣ ಪೊಳ್ಳು ಅನ್ನಿಸಿದರೆ ವಕೀಲರನ್ನು ನೋಡಿ. ರಾಜ್ಯ ಸರ್ಕಾರದ ಇಲಾಖೆ ಹುದ್ದೆಯಾದರೆ ಸರ್ಕಾರಿ ನೌಕರಿಯ ವ್ಯಾಜ್ಯ ಕೇಳುವ ಬೆಂಗಳೂರಿನ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು, ಆದೇಶವಾದ ಒಂದು ವರ್ಷದೊಳಗೆ. ನಿಗಮ, ಮಂಡಳಿ ಆದರೆ ಹೈಕೋರ್ಟಿಗೆ.