ಪ್ರಶ್ನೋತ್ತರ: ಸಣ್ಣ ಬಜೆಟ್‌ನ ಮಾಯಾಜಾಲ, ಸಿಡುಕಿನ ನಾಯಕನಟ

ಪ್ರಶ್ನೆ: ನಮ್ಮದು ಕಡಿಮೆ ದುಡ್ಡಿನ ಫ್ಯಾಂಟಸಿ ಕಾಮಿಡಿ. ಶಾಪದಿಂದ ನಾಯಕ ಇಬ್ಬರಾಗುತ್ತಾನೆ, ಆಮೇಲೆ ಗೇಣುದ್ದಕ್ಕೆ ಕುಗ್ಗುತ್ತಾನೆ. ನಾಯಕನಟ ದಿನವೂ ತಡವಾಗಿ ಬರುತ್ತಾರೆ, ಮೂರನೇ ಟೇಕ್ ಕೇಳಿದರೆ ಸಿಡುಕುತ್ತಾರೆ. ಒಂದು ವಾರದ ಶೂಟಿಂಗ್ ಮುಗಿದಿರುವುದರಿಂದ ಬದಲಾಯಿಸುವಂತಿಲ್ಲ. ದಾರಿ ಏನು?

ಉತ್ತರ: ಅವರು ಸಿಡುಕುವುದು ಯಾವ ಹೊತ್ತಿನಲ್ಲಿ ಎಂದು ಮೊದಲು ಗಮನಿಸಿ. ಫ್ಯಾಂಟಸಿ ಚಿತ್ರದಲ್ಲಿ ಒಂದೊಂದು ಶಾಟ್‌ಗೂ ಲೈಟ್ ಹೊಂದಿಸಿ, ಕ್ಯಾಮೆರಾ ಬಿಗಿದು, ವಸ್ತುಗಳನ್ನು ಹಾರಿಸುವ ದಾರ ಕಟ್ಟುವಷ್ಟರಲ್ಲಿ ಗಂಟೆ ಕಳೆದಿರುತ್ತದೆ. ಮೇಕಪ್ ಹಾಕಿಕೊಂಡು ಅಷ್ಟು ಹೊತ್ತು ಕೂತವರಿಗೆ ಎರಡನೇ ಟೇಕ್‌ಗೇ ಸಾಕಾಗಿರುತ್ತದೆ. ಹಾಗಾಗಿ ಅದೇ ಎತ್ತರದ, ಹೆಚ್ಚುಕಡಿಮೆ ಅದೇ ಮೈಬಣ್ಣದ ಡೂಪ್ ಒಬ್ಬರನ್ನು ಗೊತ್ತುಮಾಡಿ, ಅದೇ ಬಟ್ಟೆಯ ಇನ್ನೊಂದು ಜೊತೆ ಹೊಲಿಸಿ. ಲೈಟಿಂಗ್, ಫೋಕಸ್, ರಿಹರ್ಸಲ್ ಎಲ್ಲಕ್ಕೂ ಡೂಪ್ ನಿಲ್ಲಲಿ. ನಾಯಕನಟರನ್ನು ಟೇಕ್ ತೆಗೆಯುವುದಷ್ಟೇ ಬಾಕಿ ಇರುವಾಗ ಕರೆಯಿರಿ.

ಉಳಿದ ಚಿತ್ರಕಥೆಯನ್ನು ಮೂರು ಬಣ್ಣದಲ್ಲಿ ಗುರುತು ಮಾಡಿಕೊಳ್ಳಿ: ಅವರ ಮುಖ ಬೇಕೇಬೇಕಾದ ಶಾಟ್, ಬೆನ್ನು, ಕೈ ಅಥವಾ ನೆರಳು ಸಾಕಾಗುವ ಶಾಟ್, ಅವರು ಇಲ್ಲದೆಯೂ ನಡೆಯುವ ಶಾಟ್. ಅವರು ಸೆಟ್‌ನಲ್ಲಿರುವ ಹೊತ್ತು ಮೊದಲನೇ ಗುಂಪಿಗೆ ಮಾತ್ರ ಮೀಸಲು. ಅವರೂ ಎದುರಿನ ನಟರೂ ಕಾಣುವಂತೆ ಇಡೀ ದೃಶ್ಯದ ಒಂದು ಮಾಸ್ಟರ್ ಶಾಟ್, ಕೂಡಲೇ ಅವರ ಕ್ಲೋಸಪ್‌ಗಳು, ಅಲ್ಲಿಗೆ ಅವರನ್ನು ಬಿಟ್ಟುಬಿಡಿ. ಎದುರಿನವರ ಕ್ಲೋಸಪ್ ಅವರು ಹೋದ ಮೇಲೆ ತೆಗೆಯಬಹುದು.

ಆಗ ಎಡವಟ್ಟಾಗುವುದು ದೃಷ್ಟಿಯಲ್ಲಿ. ನಾಯಕನಟರ ಕಣ್ಣಿನ ಎತ್ತರವನ್ನು ಅಳೆದು, ಅವರು ನಿಂತಿದ್ದ ಜಾಗದಲ್ಲೇ ಒಂದು ಸ್ಟ್ಯಾಂಡ್ ಇಟ್ಟು, ಆ ಎತ್ತರಕ್ಕೆ ಟೇಪ್ ಅಂಟಿಸಿ. ಇಲ್ಲದಿದ್ದರೆ ಎದುರಿನವರು ಒಂದು ಶಾಟ್‌ನಲ್ಲಿ ಅವರ ಹಣೆ ನೋಡುತ್ತಾರೆ, ಇನ್ನೊಂದರಲ್ಲಿ ಎದೆ. ನಾಯಕನಟರ ಬದಲು ಅವರ ಸಂಭಾಷಣೆ ಒಪ್ಪಿಸುವ ಸಹ ನಿರ್ದೇಶಕರು ಅವರ ಓಕೆ ಟೇಕನ್ನು ಎರಡು ಮೂರು ಸಲ ಕೇಳಿಸಿಕೊಂಡಿರಬೇಕು. ಅದೇ ವೇಗ, ಅದೇ ತಡೆ ಬರಲಿ. ಬರೀ ಕಾಗದ ಓದಿದರೆ ಎದುರಿನವರ ಟೈಮಿಂಗ್ ಕೆಟ್ಟು ಹಾಸ್ಯ ಸಾಯುತ್ತದೆ. ಡೂಪ್‌ನ ಗುಟ್ಟು ರಟ್ಟಾಗುವುದು ಸಾಮಾನ್ಯವಾಗಿ ಕುತ್ತಿಗೆಯ ಹಿಂಭಾಗ, ಕಿವಿ ಮತ್ತು ನಡಿಗೆಯಿಂದ, ಅವನ್ನು ನೋಡಿಯೇ ಡೂಪ್ ಆರಿಸಿ.

ತಡವಾಗಿ ಬರುವವರಿಗೆ ಸುಳ್ಳು ಸಮಯ ಹೇಳುವ ಚಾಳಿ ಕೆಲವರಿಗಿದೆ. ದಯವಿಟ್ಟು ಬೇಡ. ಎರಡೇ ದಿನದಲ್ಲಿ ಗೊತ್ತಾಗುತ್ತದೆ, ಆಮೇಲೆ ನೀವು ಹೇಳುವ ನಿಜವನ್ನೂ ಅವರು ನಂಬುವುದಿಲ್ಲ. ಬೆಳಗಿನ ಮೊದಲ ಎರಡು ಶಾಟ್ ಅವರಿಲ್ಲದವು ಇರುವಂತೆ ಶೆಡ್ಯೂಲ್ ಹಾಕಿ. ತಕರಾರು ಏನಿದ್ದರೂ ಯೂನಿಟ್‌ನ ಒಬ್ಬರೇ ಮಾತಾಡಲಿ, ಎಲ್ಲರೆದುರು ಬೇಡ.

ಪ್ರಶ್ನೆ: ಒಂದೇ ಫ್ರೇಮಿನಲ್ಲಿ ಇಬ್ಬರು ನಾಯಕರು, ಮತ್ತೆ ಗೇಣುದ್ದದ ನಾಯಕ. ಗ್ರಾಫಿಕ್ಸ್‌ಗೆ ಹೆಚ್ಚು ಖರ್ಚು ಮಾಡದೆ ಆಗುತ್ತದೆಯೇ?

ಉತ್ತರ: ಆಗುತ್ತದೆ, ಕ್ಯಾಮೆರಾ ಅಲುಗಾಡದಿದ್ದರೆ. ಇಬ್ಬರು ನಾಯಕರಿಗೆ, ನಟರನ್ನು ಒಮ್ಮೆ ಎಡಕ್ಕೆ, ಒಮ್ಮೆ ಬಲಕ್ಕೆ ನಿಲ್ಲಿಸಿ ಅದೇ ಫ್ರೇಮನ್ನು ಎರಡು ಸಲ ತೆಗೆದು, ಎಡಿಟಿಂಗ್‌ನಲ್ಲಿ ಎರಡು ಭಾಗ ಸೇರಿಸುವುದು. ಟ್ರೈಪಾಡ್ ಕಾಲುಗಳಿಗೆ ಮರಳಿನ ಚೀಲ ಕಟ್ಟಿ, ನೆಲದ ಮೇಲೆ ಟೇಪಿನಿಂದ ಗುರುತು ಮಾಡಿ. ಫೋಕಸ್, ಎಕ್ಸ್‌ಪೋಷರ್ (ಬೆಳಕಿನ ಪ್ರಮಾಣ), ವೈಟ್ ಬ್ಯಾಲೆನ್ಸ್ (ಬಣ್ಣದ ಹೊಂದಾಣಿಕೆ) ಮೂರೂ ಮ್ಯಾನ್ಯುವಲ್ ಇರಲಿ. ಒಂದನ್ನು ಆಟೋದಲ್ಲಿ ಬಿಟ್ಟರೂ ಎರಡು ಭಾಗಗಳ ಬಣ್ಣವೋ ಬೆಳಕೋ ಸ್ಪಷ್ಟತೆಯೋ ಬೇರೆಯಾಗಿ ನಡುವೆ ಗೆರೆ ಕಾಣುತ್ತದೆ. ಮೊದಲು ಯಾರೂ ಇಲ್ಲದ ಖಾಲಿ ಫ್ರೇಮ್ ಹತ್ತು ಸೆಕೆಂಡ್ ತೆಗೆದಿಟ್ಟುಕೊಳ್ಳಿ. ಎಡಿಟಿಂಗ್‌ನಲ್ಲಿ ತೇಪೆ ಹಾಕಲು ಅದೇ ಆಧಾರ. ಎರಡು ಭಾಗ ಸೇರುವ ಗೆರೆ ಕಂಬದ ಅಂಚಿನಲ್ಲೋ ಬಾಗಿಲ ಚೌಕಟ್ಟಿನಲ್ಲೋ ಬರಲಿ, ಕೈಕಾಲಿರಲಿ ನೆರಳೂ ಅದನ್ನು ದಾಟಬಾರದು. ಕಿಟಕಿಯಿಂದ ಬಿಸಿಲು ಬೀಳುತ್ತಿದ್ದರೆ ಮುಚ್ಚಿಬಿಡಿ. ಎರಡು ಟೇಕ್‌ಗಳ ನಡುವೆ ಬಿಸಿಲು ಸರಿದರೆ ಸರಿಪಡಿಸುವುದು ಬಹಳ ಕಷ್ಟ.

ಮಾತು ಮುನ್ನಡೆಸುವ ಪಾತ್ರವನ್ನು ಮೊದಲು ತೆಗೆಯಿರಿ. ಅದರ ಧ್ವನಿಯನ್ನು ಎರಡನೇ ಪಾತ್ರದ ಟೇಕ್‌ನಲ್ಲಿ ನಟರ ಕಿವಿಗೆ ಸಣ್ಣ ಇಯರ್‌ಫೋನ್‌ನಿಂದ ಕೇಳಿಸಿದರೆ ಉತ್ತರಗಳು ಸರಿಯಾದ ಬಿಡುವಿನಲ್ಲಿ ಬೀಳುತ್ತವೆ. ನಿಮ್ಮ ನಟರ ತಾಳ್ಮೆ ಕಮ್ಮಿ ಎಂದಿರಲ್ಲ, ಎರಡು ಪಾತ್ರಗಳ ವ್ಯತ್ಯಾಸ ಐದು ನಿಮಿಷದಲ್ಲಿ ಬದಲಾಗುವಂಥದ್ದಿರಲಿ: ಕನ್ನಡಕ, ಮೇಲಂಗಿ, ಬೈತಲೆ. ಇಬ್ಬರಿಗೂ ಬೇರೆ ಬೇರೆ ಗಡ್ಡ ಅಂಟಿಸಲು ಹೊರಟರೆ ಪ್ರತಿ ಸೆಟಪ್‌ಗೂ ಒಂದು ಜಗಳ ಖಾತ್ರಿ.

ಗೇಣುದ್ದದ ಶಾಟ್‌ಗೆ ದೂರದ ಲೆಕ್ಕ ಸಾಕು. ಕ್ಯಾಮೆರಾದಿಂದ ದೊಡ್ಡವರಿಗಿಂತ ನಾಲ್ಕು ಪಟ್ಟು ದೂರ ನಿಂತವರು ಕಾಲು ಭಾಗದಷ್ಟು ಕಾಣುತ್ತಾರೆ, ಗೇಣುದ್ದಕ್ಕೆ ಸುಮಾರು ಎಂಟು ಪಟ್ಟು ದೂರ ಬೇಕು. ವೈಡ್ ಲೆನ್ಸ್ ಹಾಕಿ, ಇಬ್ಬರೂ ಫೋಕಸ್‌ನಲ್ಲಿರಬೇಕಾದ್ದರಿಂದ ಅಪರ್ಚರ್ (ಲೆನ್ಸ್‌ನೊಳಗೆ ಬೆಳಕು ಬಿಡುವ ಕಿಂಡಿ, ಎಫ್ ಅಂಕಿ ಹೆಚ್ಚಿದಷ್ಟೂ ಚಿಕ್ಕದು) ಎಫ್ 11ರ ಆಸುಪಾಸು ಇರಲಿ. ಎಫ್ 4ರಿಂದ ಅಲ್ಲಿಗೆ ಹೋದರೆ ಎಂಟು ಪಟ್ಟು ಬೆಳಕು ಬೇಕು, ಆದ್ದರಿಂದ ಹೊರಗೆ ಬಿಸಿಲಿನಲ್ಲಿ ತೆಗೆಯುವುದೇ ಲಾಭ. ನಡುವಿನ ನೆಲ ಕಂಡರೆ ಗುಟ್ಟು ಬಯಲು. ಮೇಜಿನ ಮೇಲ್ಮೈಯ ಮಟ್ಟಕ್ಕೆ ಕ್ಯಾಮೆರಾ ಇಳಿಸಿದರೆ ಮೇಜಿನ ಹಿಂದಂಚು ದೂರದ ನೆಲವನ್ನು ಮುಚ್ಚುತ್ತದೆ, ಸಣ್ಣವನನ್ನು ಮೇಜಿನಷ್ಟೇ ಎತ್ತರದ ವೇದಿಕೆಯ ಮೇಲೆ ನಿಲ್ಲಿಸಿದರೆ ಮೇಜಿನ ಮೇಲೆ ನಿಂತಂತೆ ಕಾಣುತ್ತಾನೆ. ಇಬ್ಬರೂ ಪರಸ್ಪರ ನೋಡಬಾರದು, ನೀವು ಇಟ್ಟ ಗುರುತನ್ನು ನೋಡಬೇಕು. ಇದನ್ನು ಡೂಪ್ ಜೊತೆ ಪೂರ್ತಿ ಅಭ್ಯಾಸ ಮಾಡಿ ಮುಗಿಸಿರಿ.

ಗ್ರೀನ್ ಮ್ಯಾಟ್‌ನಲ್ಲೇ (ಆಮೇಲೆ ಹಿನ್ನೆಲೆ ಬದಲಿಸಲು ಕಟ್ಟುವ ಹಸಿರು ಪರದೆ) ತೆಗೆಯುವುದಾದರೆ ನಟ ಪರದೆಯಿಂದ ಎರಡು ಮೂರು ಮೀಟರ್ ಮುಂದೆ ನಿಲ್ಲಲಿ, ಹತ್ತಿರವಿದ್ದರೆ ಹಸಿರು ಕೂದಲಿಗೂ ಭುಜಕ್ಕೂ ಹತ್ತುತ್ತದೆ. ಮೇಜಿನ ಶಾಟ್‌ನಲ್ಲಿ ಕ್ಯಾಮೆರಾ ಎಷ್ಟು ಬಾಗಿತ್ತೋ ಅಷ್ಟೇ ಇಲ್ಲೂ ಬಾಗಿರಬೇಕು. ಅಂಟಿಸಿದಂತೆ ಕಾಣುವುದಕ್ಕೆ ದೊಡ್ಡ ಕಾರಣವೇ ಈ ಕೋನ ತಪ್ಪುವುದು.

ಪ್ರಶ್ನೆ: ಸೆಟ್‌ಗೆ ಬಂದ ಮೇಲೆ ಸಂಭಾಷಣೆಯನ್ನೇ ಬದಲಿಸುತ್ತಾರೆ. ತಡೆಯುವುದು ಹೇಗೆ?

ಉತ್ತರ: ಪೂರ್ತಿ ತಡೆಯಬೇಡಿ, ಹಾಸ್ಯನಟರ ಬಾಯಲ್ಲಿ ಹುಟ್ಟಿದ ಮಾತು ಕೆಲವೊಮ್ಮೆ ಬರೆದದ್ದಕ್ಕಿಂತ ಚೆನ್ನಾಗಿರುತ್ತದೆ. ಬರೆದ ಹಾಗೆ ಒಂದು ಓಕೆ ಟೇಕ್, ಆಮೇಲೆ ಅವರಿಗೆ ತೋಚಿದಂತೆ ಒಂದು ಎಂದು ಮೊದಲ ದಿನವೇ ಒಪ್ಪಿಸಿ. ಆದರೆ ಮುಂದಿನ ನಗುವಿಗೆ ಬೀಜವಾಗುವ ಪದಗಳಿಗೂ, ದಾರ ಎಳೆಯುವವರು ಕಾಯುತ್ತಿರುವ ಕ್ಯೂ ಪದಗಳಿಗೂ ಅಡಿಗೆರೆ ಹಾಕಿ ಹಿಂದಿನ ರಾತ್ರಿಯೇ ಕೊಡಿ. ಅವು ಬದಲಾಗಬಾರದು. ಕ್ಯೂ ತಪ್ಪಿದರೆ ಕುರ್ಚಿ ಹಾರುವುದು ಮಾತಿನ ನಡುವೆ, ಪೂರ್ತಿ ಸೆಟಪ್ ಮತ್ತೆ ಮಾಡಬೇಕು. ಎರಡು ಟೇಕ್‌ಗಳಲ್ಲಿ ಮಾತು ಬೇರೆಯಾದರೆ ಕತ್ತರಿಸಿ ಸೇರಿಸುವುದು ಕಷ್ಟ, ಅದಕ್ಕೆ ಪ್ರತಿ ದೃಶ್ಯದಲ್ಲೂ ಎದುರಿನವರು ಮಾತಿಲ್ಲದೆ ಕೇಳುತ್ತಿರುವ, ಬೆಚ್ಚುವ, ನಗು ತಡೆಯುವ ರಿಯಾಕ್ಷನ್‌ಗಳನ್ನು ಹದಿನೈದು ಸೆಕೆಂಡ್‌ನಂತೆ ತೆಗೆದಿಡಿ.

ಪ್ರಶ್ನೆ: ಕರಾರಿನಲ್ಲಿ ಏನೇನು ಬರೆಸಬೇಕು?

ಉತ್ತರ: ದಿನಗಳ ಜೊತೆಗೆ ದಿನಕ್ಕೆ ಎಷ್ಟು ಗಂಟೆ ಎಂಬುದು, ಡಬ್ಬಿಂಗ್ ದಿನಗಳು, ಎರಡು ಮೂರು ದಿನದ ಪ್ಯಾಚ್‌ವರ್ಕ್ (ಬಿಟ್ಟುಹೋದ ಶಾಟ್‌ಗಳ ಶೂಟಿಂಗ್), ಅದು ಮುಗಿಯುವವರೆಗೆ ಕೂದಲು ಗಡ್ಡ ಬದಲಿಸಬಾರದೆಂಬ ಷರತ್ತು. ಸಂಭಾವನೆಯ ಕೊನೆ ಕಂತು ಡಬ್ಬಿಂಗ್ ಮುಗಿದ ಮೇಲೆ. ಕರಾರು ಆಗಲೇ ಮುಗಿದಿದ್ದರೆ, ಅವರು ಸೆಟ್ ಬಿಡುವ ಮುನ್ನ ಆ ದಿನದ ಅಸ್ಪಷ್ಟ ಮಾತುಗಳನ್ನು ಮೈಕ್ ಹತ್ತಿರ ಹಿಡಿದು ರೆಕಾರ್ಡ್ ಮಾಡಿಕೊಳ್ಳಿ. ಡಬ್ಬಿಂಗ್‌ಗೆ ಬರದೇ ಹೋದರೂ ಅಷ್ಟು ಕೈಯಲ್ಲಿರುತ್ತದೆ.

ಪ್ರಶ್ನೆ: ಅರಮನೆಯ ಮಿನಿಯೇಚರ್ (ಚಿಕ್ಕ ಮಾದರಿ) ಕುಸಿಯುವ ದೃಶ್ಯ ಆಟಿಕೆಯಂತೆ ಕಾಣುತ್ತಿದೆ, ಯಾಕೆ?

ಉತ್ತರ: ನೀವು ಬಹುಶಃ ಸಾಮಾನ್ಯ ವೇಗದಲ್ಲಿ ತೆಗೆದಿದ್ದೀರಿ. ಚಿಕ್ಕ ವಸ್ತು ಬೇಗ ಬಿದ್ದುಬಿಡುತ್ತದೆ. ಮಾದರಿ ಎಷ್ಟು ಪಟ್ಟು ಚಿಕ್ಕದೋ ಅದರ ವರ್ಗಮೂಲದಷ್ಟು ಪಟ್ಟು ಕ್ಯಾಮೆರಾದ ವೇಗ ಹೆಚ್ಚಿಸಿ: 16ರಲ್ಲಿ ಒಂದು ಅಳತೆಯಾದರೆ 4 ಪಟ್ಟು, ಅಂದರೆ 24ರ ಬದಲು ಸೆಕೆಂಡಿಗೆ 96 ಫ್ರೇಮ್ ತೆಗೆದು, 24ರ ವೇಗದಲ್ಲೇ ತೋರಿಸಿ. ಧೂಳಿಗೆ ಜರಡಿ ಹಿಡಿದ ನುಣುಪು ಪುಡಿ ಬಳಸಿ. ನೀರು ಮಾತ್ರ ತೋರಿಸಬೇಡಿ, ಹನಿಯ ಗಾತ್ರವನ್ನು ಚಿಕ್ಕದು ಮಾಡಲಾಗುವುದಿಲ್ಲ.