ಕತ್ತರಿ ಸಂಕಲನಕಾರರದಲ್ಲ

ನಾವು ಶಿಫಾರಸು ಮಾಡಿದ್ದ ‘ದಿ ಬ್ಲಾಂಟನ್–ವೆಬ್‌ಸ್ಟರ್ ಬ್ಯಾಂಡ್’ ಎಂಬ ಮೂರು ಸಿ.ಡಿ.ಗಳ ಸಂಕಲನವನ್ನು ಕೇಳಿದ ಓದುಗರೊಬ್ಬರ ಆಕ್ಷೇಪಣೆ ಇದು: ಅಮೆರಿಕದ ಜ್ಯಾಝ್ ಸಂಗೀತಗಾರ ಡ್ಯೂಕ್ ಎಲಿಂಗ್ಟನ್ ಅವರ ವಾದ್ಯವೃಂದದ ಪ್ರತಿ ಕೃತಿಯೂ ಅರಳುವ ಮೊದಲೇ ಮೂರು ನಿಮಿಷಕ್ಕೆ ಮುಗಿಯುತ್ತದೆ, ಸಂಕಲನವೂ 1942ರ ಜುಲೈನಲ್ಲಿ ತಟ್ಟನೆ ನಿಲ್ಲುತ್ತದೆ. ಕತ್ತರಿಸಿದ ಸಂಗೀತವನ್ನು ಹೀಗೆ ಮಾರುವುದು ಸರಿಯೇ? ನಾಯಕನನ್ನು ಬಿಟ್ಟು ಇಬ್ಬರು ವಾದಕರ ಹೆಸರಿಟ್ಟದ್ದೇಕೆ?

ಮಾನ್ಯರೇ,

ಕತ್ತರಿ ಆಡಿದ್ದು ನಿಜ, ಆದರೆ ಅದು ಸಂಕಲನಕಾರರ ಕೈಯಲ್ಲಿರಲಿಲ್ಲ. ಈ ಸಂಗೀತ ಮೊದಲು ಹೊರಬಂದದ್ದು ನಿಮಿಷಕ್ಕೆ 78 ಸುತ್ತು ತಿರುಗುವ ಹತ್ತಿಂಚಿನ ತಟ್ಟೆಗಳಲ್ಲಿ. ಅವುಗಳ ಒಂದು ಮುಖದಲ್ಲಿ ಹಿಡಿಯುತ್ತಿದ್ದದ್ದು ಮೂರು ನಿಮಿಷ, ಬಹಳವೆಂದರೆ ಮೇಲೆ ಕೆಲವು ಸೆಕೆಂಡು. ಎಲಿಂಗ್ಟನ್ ಇಲ್ಲಿ ದೊಡ್ಡ ಕೃತಿ ಬರೆದು ಮೊಟಕುಗೊಳಿಸಿದವರಲ್ಲ. ಆ ಮೂರು ನಿಮಿಷವನ್ನೇ ಅಳತೆಯಾಗಿಟ್ಟುಕೊಂಡು ರಚಿಸಿದವರು. 1940ರ ಮಾರ್ಚ್ 15ರಂದು ಶಿಕಾಗೋದಲ್ಲಿ ಧ್ವನಿಮುದ್ರಿಸಿದ ‘ಕನ್ಸರ್ಟೊ ಫಾರ್ ಕೂಟಿ’ಯನ್ನು ದಯವಿಟ್ಟು ಇನ್ನೊಮ್ಮೆ ಕೇಳಿ. ಕೊಳಾಯಿಗಾರರು ಬಳಸುವ ರಬ್ಬರ್ ಬಟ್ಟಲಿನಂಥದ್ದನ್ನು ಟ್ರಂಪೆಟ್ಟಿನ ಬಾಯಿಗೆ ಹಿಡಿದು ಕೂಟಿ ವಿಲಿಯಮ್ಸ್ ಮುಖ್ಯ ಧಾಟಿಯನ್ನು ಗೊಣಗುವಂತೆ ನುಡಿಸುತ್ತಾರೆ. ಆ ಧಾಟಿ ರೂಢಿಯ ಎಂಟು ಆವರ್ತಗಳಿಗೆ ಮುಗಿಯದೆ ಹತ್ತಕ್ಕೆ ಚಾಚುತ್ತದೆ. ನಡುಭಾಗದಲ್ಲಿ ಶ್ರುತಿ ಬದಲಾಗಿ, ಬಟ್ಟಲು ಸರಿದು, ತೆರೆದ ಟ್ರಂಪೆಟ್ ಒಮ್ಮೆಲೇ ಮೊಳಗುತ್ತದೆ. ಮತ್ತೆ ಮೊದಲಿನ ಗೊಣಗು, ಈ ಬಾರಿ ಚಿಕ್ಕದಾಗಿ. ಇದಕ್ಕೆ ಇನ್ನೆರಡು ನಿಮಿಷ ಸೇರಿಸಿದ್ದರೆ ಏನು ಹೆಚ್ಚುತ್ತಿತ್ತೆಂದು ನನಗಂತೂ ತೋಚುವುದಿಲ್ಲ.

ಜುಲೈ ತಿಂಗಳ ವಿಷಯಕ್ಕೆ ಬಂದರೆ, ಅಲ್ಲಿಂದ ಮುಂದೆ ಸೇರಿಸಲು ಏನೂ ಇರಲಿಲ್ಲ. ರೇಡಿಯೊದಲ್ಲಿ ಮತ್ತು ನಾಣ್ಯ ಹಾಕಿದರೆ ಹಾಡು ನುಡಿಸುವ ಜೂಕ್‌ಬಾಕ್ಸ್ ಯಂತ್ರಗಳಲ್ಲಿ ತಟ್ಟೆ ತಿರುಗಿದಷ್ಟೂ ವಾದಕರ ಕೆಲಸ ಹೋಗುತ್ತದೆಂದು ವಾದಿಸಿದ ಅಮೆರಿಕದ ವಾದಕರ ಒಕ್ಕೂಟವು, ಜೇಮ್ಸ್ ಪೆಟ್ರಿಲ್ಲೊ ಅವರ ಅಧ್ಯಕ್ಷತೆಯಲ್ಲಿ, 1942ರ ಆಗಸ್ಟ್ 1ರಿಂದ ಧ್ವನಿಮುದ್ರಣವನ್ನೇ ನಿಲ್ಲಿಸಿತು. ಎಲಿಂಗ್ಟನ್ ತಟ್ಟೆಗಳನ್ನು ಹೊರತರುತ್ತಿದ್ದ ವಿಕ್ಟರ್ ಕಂಪನಿ ಒಕ್ಕೂಟದೊಡನೆ ಒಪ್ಪಂದಕ್ಕೆ ಬಂದದ್ದು 1944ರ ನವೆಂಬರಿನಲ್ಲಿ. ಈ ನಿಲುಗಡೆಗೆ ಮುಂಚೆ ಎಲಿಂಗ್ಟನ್ ತಂಡದ ಕೊನೆಯ ಮುದ್ರಣ 1942ರ ಜುಲೈ 28ರದು. (ಆ ವೇಳೆಗೆ ಯುದ್ಧದಿಂದಾಗಿ ತಟ್ಟೆ ತಯಾರಿಕೆಯ ಅರಗಿಗೂ ಅಲ್ಲಿ ಕಡಿತ ಬಿದ್ದಿತ್ತು, ಅದರ ಬಹುಪಾಲು ಹೋಗುತ್ತಿದ್ದದ್ದು ನಮ್ಮ ದೇಶದಿಂದಲೇ.)

ಹೆಸರಿನ ಬಗ್ಗೆ ನಿಮ್ಮ ತಕರಾರು ಅರ್ಧ ಒಪ್ಪತಕ್ಕದ್ದು. ಟೆನರ್ ಸ್ಯಾಕ್ಸೊಫೋನಿನ ಬೆನ್ ವೆಬ್‌ಸ್ಟರ್ ಮತ್ತು ಡಬಲ್ ಬಾಸ್‌ನ ಜಿಮ್ಮಿ ಬ್ಲಾಂಟನ್ ಬಂದ ಮೇಲೆ ತಂಡದ ನಾದವೇ ಬದಲಾಯಿತು. ಅದುವರೆಗೆ ಹಿಂದೆ ನಿಂತು ತಾಳ ಕಾಯುತ್ತಿದ್ದ ಬಾಸ್, ‘ಜ್ಯಾಕ್ ದ ಬೇರ್’ನಲ್ಲಿ ಮುಂದೆ ಬಂದು ತಾನೇ ಮಾತಾಡುತ್ತದೆ. ಆದರೆ 1942ರ ಮುದ್ರಣಗಳಲ್ಲಿ ಬ್ಲಾಂಟನ್ ಇಲ್ಲ. ಕ್ಷಯರೋಗದಿಂದಾಗಿ ಅವರು 1941ರ ಕೊನೆಗೇ ತಂಡ ಬಿಟ್ಟಿದ್ದರು, ಆ ಕೊನೆಯ ಮುದ್ರಣವಾದ ಎರಡೇ ದಿನಕ್ಕೆ ತೀರಿಕೊಂಡರು. ಆಗ ಅವರಿಗೆ 23 ವರ್ಷ. ಹೊದಿಕೆಯಲ್ಲಿ ಇದನ್ನು ಸ್ಪಷ್ಟವಾಗಿ ಹೇಳಬೇಕಿತ್ತು.

ನಿಮ್ಮಲ್ಲಿರುವುದು 66 ಕೃತಿಗಳ 1986ರ ಆವೃತ್ತಿ. 2003ರಲ್ಲಿ ‘ನೆವರ್ ನೋ ಲಮೆಂಟ್’ ಎಂಬ ಹೆಸರಿನಲ್ಲಿ ಬಂದ ಪರಿಷ್ಕೃತ ಆವೃತ್ತಿಯಲ್ಲಿ ಕೆಲವು ಕೃತಿಗಳ ಬೇರೆ ಮುದ್ರಣಗಳೂ ಸೇರಿವೆ. ಧ್ವನಿ ಹೆಚ್ಚು ತಿಳಿಯಾಗಿದೆ. ಗಡಿಯಾರದ ಹಂಗಿಲ್ಲದ ಇದೇ ತಂಡ ನಿಮಗೆ ಬೇಕಿದ್ದರೆ, 1940ರ ನವೆಂಬರ್ 7ರ ರಾತ್ರಿ ನಾರ್ತ್ ಡಕೋಟಾದ ಫಾರ್ಗೊ ಊರಿನ ನೃತ್ಯಶಾಲೆಯಲ್ಲಿ ಜ್ಯಾಕ್ ಟವರ್ಸ್ ಮತ್ತು ಡಿಕ್ ಬರಿಸ್ ಎಂಬ ಇಬ್ಬರು ಯುವಕರು ಅನುಮತಿ ಪಡೆದು ಹೊತ್ತೊಯ್ದ ಯಂತ್ರದಲ್ಲಿ ಮಾಡಿದ ಮುದ್ರಣವನ್ನು ಹುಡುಕಿ. ಕೂಟಿ ತಂಡ ಬಿಟ್ಟು ಆಗಷ್ಟೇ ಕೆಲವು ದಿನಗಳಾಗಿದ್ದವು, ಅವರ ಕುರ್ಚಿಯಲ್ಲಿ ಹೊಸಬ ರೇ ನ್ಯಾನ್ಸ್ ಕುಳಿತಿದ್ದರು; ‘ಸ್ಟಾರ್‌ಡಸ್ಟ್’ನಲ್ಲಿ ವೆಬ್‌ಸ್ಟರ್ ಮಾತ್ರ ಯಾವ ಅವಸರವೂ ಇಲ್ಲದೆ ನುಡಿಸುತ್ತಾರೆ.

– ಸಂ.